ಅಂಟು ಬಿಟ್ಟ ಎಳೆ

ಪೂರ್ವಿಕರು ಬೆಲೆಯುಳ್ಳ ಬಟ್ಟೆಗಳನ್ನು ಎಣಿಸುವಾಗ ಕ್ಷೌಮ, ಕೌಶೇಯ ಎಂಬ ಎರಡು ಹೆಸರುಗಳನ್ನು ಬಹುಮಟ್ಟಿಗೆ ಒಂದೇ ಸಾಲಿನಲ್ಲಿ ಹೇಳುತ್ತಿದ್ದರು. ಕ್ಷುಮಾ ಎಂದರೆ ಅಗಸೆಯ ಗಿಡ. ಅದರ ದಂಟಿನ ನಾರಿನಿಂದ ಆದುದು ಕ್ಷೌಮ. ಕೋಶವೆಂದರೆ ಗೂಡು; ಹುಳುವಿನ ಗೂಡಿನಿಂದ ಆದುದು ಕೌಶೇಯ. ಕೌಟಿಲ್ಯನ ಅರ್ಥಶಾಸ್ತ್ರವು ಅರಸನ ಭಂಡಾರಕ್ಕೆ ಸೇರತಕ್ಕ ವಸ್ತುಗಳಲ್ಲಿ ಎರಡನ್ನೂ ಹೇಳಿದೆ. ಮನುಸ್ಮೃತಿಯು ಇವುಗಳನ್ನು ಶುದ್ಧಿಮಾಡುವ ಬಗೆಯನ್ನು ಬೇರೆ ಬೇರೆಯಾಗಿ ವಿಧಿಸಿದೆ: ಕ್ಷೌಮಕ್ಕೆ ಬಿಳಿಯ ಸಾಸಿವೆ, ಕೌಶೇಯಕ್ಕೆ ಚೌಳುಮಣ್ಣು. ಇಂದು ಕೌಶೇಯವು ರೇಷ್ಮೆಯೆಂಬ ಪಾರಸಿಯ ಹೆಸರನ್ನು ತಳೆದು ಮನೆಮನೆಯ ಪೆಟ್ಟಿಗೆಯಲ್ಲಿ ಕುಳಿತಿದೆ. ಕ್ಷೌಮವಾದರೋ ಪುರಾಣ ಕಾವ್ಯಗಳ ಅರ್ಥವನ್ನು ಹೇಳುವಾಗ ಮಾತ್ರ ನೆನಪಿಗೆ ಬರುವ ಶಬ್ದವಾಗಿ ಉಳಿದಿದೆ.

ಹಾಗೆಂದು ಅಗಸೆಯು ಕನ್ನಡನಾಡಿನಿಂದ ಮಾಯವಾಗಿಲ್ಲ. ಧಾರವಾಡ, ಕಲಬುರಗಿಗಳ ಕಡೆಯ ಎರೆಯ ಹೊಲಗಳಲ್ಲಿ ಹಿಂಗಾರಿನ ಕಾಲಕ್ಕೆ ಅದರ ನೀಲಿ ಹೂವು ಅರಳುತ್ತದೆ. ಅದರ ಬೀಜದಿಂದ ಎಣ್ಣೆ ತೆಗೆಯುತ್ತಾರೆ. ಹುರಿದು ಪುಡಿಮಾಡಿ ರೊಟ್ಟಿಯೊಡನೆ ತಿನ್ನುತ್ತಾರೆ. ಆದರೆ ಆ ಗಿಡದ ದಂಟಿನಲ್ಲಿ ಬಟ್ಟೆಯಿದೆ ಎಂಬ ವಿಚಾರವು ಅದನ್ನು ಬೆಳೆಯುವ ಮನೆಗಳಲ್ಲಿ ಬಳಕೆಯಲ್ಲಿಲ್ಲ. ಎಣ್ಣೆಗಾಗಿ ಬೆಳೆಯುವ ಅಗಸೆಯು ಗಿಡ್ಡವಾಗಿ ಕವಲೊಡೆದು ಬೆಳೆಯುವ ಜಾತಿ. ನಾರಿಗಾಗಿ ಬೆಳೆಯುವುದು ಎತ್ತರವಾಗಿ, ಕವಲಿಲ್ಲದೆ, ಒತ್ತೊತ್ತಾಗಿ ನಿಲ್ಲುವ ಜಾತಿ. ಗಿಡ ಒಂದೇ ಆದರೂ ನಾಡು ಅದರಿಂದ ಬೇಡಿದುದು ಬೇರೆ. ಬೇಡಿದುದನ್ನೇ ಅದು ಕೊಟ್ಟಿತು.

ಯೂರೋಪಿನ ತಂಪು ನಾಡುಗಳು ಅದರಿಂದ ನಾರನ್ನು ಬೇಡಿದುವು. ಅಲ್ಲಿಯ ರೈತನು ಬಿತ್ತಿದ ನೂರು ದಿವಸಗಳ ಸುಮಾರಿಗೆ ಗಿಡವನ್ನು ಕೊಯ್ಯದೆ ಬೇರುಸಹಿತ ಕೀಳುತ್ತಿದ್ದನು. ಕೊಯ್ದರೆ ನಾರಿನ ಉದ್ದ ಅಷ್ಟು ಮಟ್ಟಿಗೆ ಹಾಳಲ್ಲವೆ? ಕಿತ್ತ ಗಿಡಗಳನ್ನು ಒಣಗಿಸಿ, ಹಲ್ಲುಗಳುಳ್ಳ ಬಾಚಣಿಗೆಯಲ್ಲಿ ಎಳೆದು ಬೀಜವನ್ನು ಉದುರಿಸಿ, ಅನಂತರ ಕಂತೆಕಟ್ಟಿ ನೀರಿನಲ್ಲಿ ಮುಳುಗಿಸುತ್ತಿದ್ದನು. ಕೆಲವು ಕಡೆ ನೀರಿಗೆ ಹಾಕದೆ ಹುಲ್ಲುಗಾವಲಿನಲ್ಲಿ ಹರಡಿ ವಾರಗಟ್ಟಲೆ ಇಬ್ಬನಿಗೆ ಬಿಡುವುದೂ ಉಂಟು. ಬೆಲ್ಜಿಯಂ ದೇಶದ ಕೋರ್ಟ್ರೇಕ್ ಎಂಬ ಊರಿನ ಬಳಿ ಹರಿಯುವ ಲೀ ನದಿಯು ಈ ಕೆಲಸಕ್ಕೆ ಬಹು ಪ್ರಸಿದ್ಧವಾಗಿ ಸುವರ್ಣನದಿಯೆಂಬ ಹೆಸರನ್ನೇ ಪಡೆದಿತ್ತು. ದಂಟಿನಲ್ಲಿ ನಾರು ಕಟ್ಟಿಗೆಗೆ ಒಂದು ಬಗೆಯ ಅಂಟಿನಿಂದ ಹತ್ತಿಕೊಂಡಿರುತ್ತದೆ. ನೀರಿನಲ್ಲಿ ಕಣ್ಣಿಗೆ ಕಾಣದ ಸೂಕ್ಷ್ಮಜೀವಿಗಳು ಆ ಅಂಟನ್ನು ತಿಂದು ನಾರನ್ನು ಬಿಡಿಸುತ್ತವೆ. ಒಂದೆರಡು ದಿವಸ ಮೊದಲು ಎತ್ತಿದರೆ ನಾರು ಬಿಡದು. ಒಂದೆರಡು ದಿವಸ ತಡಮಾಡಿದರೆ ನಾರೇ ಕೊಳೆಯುವುದು. ಅದನ್ನು ತಿಳಿಯುವುದಕ್ಕೆ ಒಂದು ದಂಟನ್ನು ಎತ್ತಿ ಬೆರಳಿನಲ್ಲಿ ಮುರಿದು ನೋಡುವುದೇ ಉಪಾಯವಾಗಿತ್ತು. ಆಮೇಲೆ ಒಣಗಿಸಿ, ಬಡಿದು, ಸಿಬಿರನ್ನು ಉದುರಿಸಿ, ಮೊಳೆಗಳ ಹಣಿಗೆಯಲ್ಲಿ ಮತ್ತೆ ಮತ್ತೆ ಬಾಚಿ, ತುಂಡುನಾರನ್ನು ಬೇರೆಮಾಡಿ, ಉದ್ದ ನಾರನ್ನು ಬೆರಳು ಒದ್ದೆಮಾಡಿಕೊಂಡು ನೂಲುತ್ತಿದ್ದರು. ನೆಯ್ದ ಬಟ್ಟೆಯನ್ನು ಹುಲ್ಲಿನ ಮೇಲೆ ಹಾಸಿ ಬಿಸಿಲಿನಲ್ಲಿ ಬೆಳ್ಳಗೆ ಮಾಡುತ್ತಿದ್ದರು.

ಈ ಕ್ರಮವು ಕನ್ನಡನಾಡಿನ ಹಳ್ಳಿಗರಿಗೆ ಅಪರಿಚಿತವೇನೂ ಅಲ್ಲ. ಸೆಣಬನ್ನೂ ಪುಂಡಿಯನ್ನೂ ಬೆಳೆದು, ಕಂತೆಗಳನ್ನು ಕೆರೆಯ ಅಂಚಿನಲ್ಲಿ ಕಲ್ಲು ಹೇರಿ ಮುಳುಗಿಸಿ, ಕೊಳೆತ ಮೇಲೆ ಮೊಣಕಾಲುದ್ದ ನೀರಿನಲ್ಲಿ ನಿಂತು ಒಗೆದು ನಾರು ಬಿಡಿಸುತ್ತಿದ್ದುದು ಬಯಲುಸೀಮೆಯ ಹಳೆಯ ಉದ್ಯೋಗ. ಬಾವಿಯ ಹಗ್ಗ, ಎತ್ತಿನ ಕಣ್ಣಿ, ಗೋಣಿತಟ್ಟು ಎಲ್ಲವೂ ಆ ನಾರಿನಿಂದಲೇ ಆಗುತ್ತಿದ್ದುವು. ಗೋಣಿಯನ್ನು ನೆಯ್ಯುವುದನ್ನೇ ಕುಲದ ಕಸಬಾಗಿ ಉಳ್ಳವರಿಗೆ ಗೋಣಿಗರೆಂದು ಹೆಸರು. ಕೊಳೆಹಾಕಿದ ಕೆರೆಯ ನಾತ ಊರಿಗೆಲ್ಲ ಹಬ್ಬಿದರೂ ಅದನ್ನು ದೂರುವವರು ಕಡಮೆ. ಹಗ್ಗವಿಲ್ಲದೆ ಬಾವಿಯ ನೀರು ಮೇಲಕ್ಕೆ ಬರುವುದೆ?

ಅಗಸೆಯಾಗಲಿ ಸೆಣಬಾಗಲಿ, ಕೆಲಸದ ತಿರುಳು ಒಂದೇ. ಎಳೆಯನ್ನು ಮನುಷ್ಯನು ಹುಟ್ಟಿಸುವುದಿಲ್ಲ. ಅದು ಪ್ರಕೃತಿಯಲ್ಲಿ ಆಗಲೇ ಸಿದ್ಧವಾಗಿದೆ. ಅಂಟು ಅದನ್ನು ಹಿಡಿದುಕೊಂಡಿದೆ. ಆ ಅಂಟು ತನ್ನ ಹಿಡಿತವನ್ನು ಸಡಿಲಿಸುವ ಹೊತ್ತನ್ನು ಕಂಡುಕೊಂಡು, ಎಳೆಗೆ ಕೇಡಾಗದಂತೆ ಅದನ್ನು ಬಿಡಿಸಿಕೊಳ್ಳುವುದಷ್ಟೇ ಮನುಷ್ಯನ ಪಾಲು. ಇದನ್ನು ಎಲ್ಲಕ್ಕಿಂತ ಚೆನ್ನಾಗಿ ನೋಡಬೇಕೆನ್ನುವವರು ಲೀ ನದಿಯವರೆಗೆ ಹೋಗಬೇಕಾದುದಿಲ್ಲ. ಚಿಕ್ಕಬಳ್ಳಾಪುರದ ಸೀಮೆಯಲ್ಲಿ, ಶಿಡ್ಲಘಟ್ಟ ತಾಲ್ಲೂಕಿನ ಜಂಗಮಕೋಟೆಗೆ ಹೋದರೆ ಸಾಕು.

ಜಂಗಮಕೋಟೆಯ ಸುತ್ತಣ ನೆಲ ಕೆಂಪುಮಣ್ಣಿನದು. ಪಿನಾಕಿನಿ ನದಿಗಳ ತವರಾದ ನಂದಿಯ ಬೆಟ್ಟಸಾಲು ಸಮೀಪದಲ್ಲಿಯೇ ಇದ್ದರೂ, ವರ್ಷದುದ್ದಕ್ಕೂ ಹರಿಯುವ ಹೊಳೆ ಆ ಸೀಮೆಗೆ ಒಂದೂ ಇಲ್ಲ. ಹಿಂದೆ ಕೆರೆ ಬಾವಿಗಳೇ ಗತಿಯಾಗಿದ್ದುವು. ಈಗ ಸಾವಿರ ಅಡಿಗಳಿಗೂ ಆಳಕ್ಕೆ ಇಳಿದ ಕೊಳವೆ ಬಾವಿಗಳು. ಇಂತಹ ನೀರಿಲ್ಲದ ನಾಡಿನಲ್ಲಿ ಹಿಪ್ಪುನೇರಳೆಯ ಹಸುರು ಕಣ್ಣಿಗೆ ಬೀಳುವುದು ಆಶ್ಚರ್ಯವೇ ಸರಿ. ಬೇರು ಆಳಕ್ಕೆ ಹೋಗುವ, ಕತ್ತರಿಸಿದಷ್ಟೂ ಚಿಗುರುವ ಗಿಡ ಅದು. ಒಮ್ಮೆ ನೆಟ್ಟರೆ ಹತ್ತು ಹದಿನೈದು ವರ್ಷ ಸೊಪ್ಪು ಕೊಡುತ್ತದೆ. ವರ್ಷಕ್ಕೆ ಐದಾರು ಬೆಳೆ ಗೂಡು ತೆಗೆದು, ತಿಂಗಳು ಒಂದೂವರೆ ತಿಂಗಳಿಗೊಮ್ಮೆ ಕೈಗೆ ಹಣ ಬರುವ ಬೇರೊಂದು ಬೇಸಾಯವನ್ನು ಆ ನೆಲ ಬಹಳ ಕಾಲ ಕಂಡಿರಲಿಲ್ಲ.

ಮೈಸೂರು ಸೀಮೆಗೆ ಈ ಉದ್ಯೋಗವನ್ನು ರಾಜ್ಯದ ಆಸರೆಯಿಂದ ತಂದವನು 18ನೆಯ ಶತಮಾನದ ಕೊನೆಯ ಭಾಗದಲ್ಲಿ ಟಿಪ್ಪು ಸುಲ್ತಾನ್. ನೂರು ವರ್ಷಗಳ ತರುವಾಯ ಜಮ್‌ಶೆಟ್‌ಜಿ ಟಾಟಾ ಅವರು ಬೆಂಗಳೂರಿನಲ್ಲಿ ಜಪಾನೀ ಪದ್ಧತಿಯ ರೇಷ್ಮೆಯ ತೋಟವನ್ನು ಏರ್ಪಡಿಸಿದರು. 1912ರಲ್ಲಿ ಮೈಸೂರಿನಲ್ಲಿ ಅರಮನೆಯ ಪ್ರೋತ್ಸಾಹದಿಂದ ನೆಯ್ಗೆಯ ಕಾರ್ಖಾನೆ ಪ್ರಾರಂಭವಾಯಿತು. 1949ರಲ್ಲಿ ಕೇಂದ್ರ ರೇಷ್ಮೆ ಮಂಡಳಿಯು ಸ್ಥಾಪಿತವಾಯಿತು. ಆದರೆ ಅರಸರೂ ಮಂಡಳಿಗಳೂ ಮಾಡಿದ ಏರ್ಪಾಡುಗಳೆಲ್ಲ ಕೊನೆಗೆ ನಿಂತದ್ದು ಹಳ್ಳಿಯ ಮನೆಯ ನಡುಮನೆಯಲ್ಲಿ, ಬಿದಿರಿನ ತಟ್ಟೆಯ ಮೇಲೆ.

ಹುಳು ಮೇಯಿಸುವ ಮನೆಯಲ್ಲಿ ಹುಳುವೇ ಯಜಮಾನ. ಮೊಟ್ಟೆಯೊಡೆದು ಹೊರಬಂದಾಗ ಅದು ಇರುವೆಗಿಂತ ಚಿಕ್ಕದು. ಅದಕ್ಕೆ ಎಳೆಯ ಸೊಪ್ಪನ್ನು ನಯವಾಗಿ ಹೆಚ್ಚಿ ಹಾಕಬೇಕು. ಇಪ್ಪತ್ತೈದು ದಿವಸಗಳ ಸುಮಾರಿನಲ್ಲಿ ಅದರ ತೂಕ ಹತ್ತು ಸಾವಿರ ಪಟ್ಟು ಹೆಚ್ಚುತ್ತದೆ. ಈ ಅವಧಿಯಲ್ಲಿ ನಾಲ್ಕು ಸಲ ಅದು ಮೇವನ್ನು ಬಿಟ್ಟು, ತಲೆಯನ್ನು ಮೇಲಕ್ಕೆತ್ತಿ, ಅಲುಗಾಡದೆ ನಿಂತು ಪೊರೆ ಕಳಚುತ್ತದೆ. ಇದಕ್ಕೆ ರೈತರು ಇಟ್ಟ ಹೆಸರು ಜ್ವರ. ಹುಳು ಒಂದನೆಯ ಜ್ವರಕ್ಕೆ ಕುಳಿತಿದೆ, ಎರಡನೆಯ ಜ್ವರದಿಂದ ಎದ್ದಿದೆ ಎಂದು ಮನೆಯ ಮಕ್ಕಳ ವಿಚಾರವನ್ನು ಹೇಳುವಂತೆಯೇ ಹೇಳುತ್ತಾರೆ. ನಾಲ್ಕನೆಯ ಜ್ವರ ಕಳೆದ ಮೇಲೆ ಹುಳುವಿನ ಹಸಿವಿಗೆ ಮಿತಿಯಿಲ್ಲ. ಸಾವಿರಾರು ಹುಳುಗಳು ಒಟ್ಟಿಗೆ ಸೊಪ್ಪು ಕಡಿಯುವ ಸದ್ದು ಹಂಚಿನ ಮೇಲೆ ಬೀಳುವ ಸಣ್ಣ ಮಳೆಯಂತೆ ಕೇಳುತ್ತದೆ. ರಾತ್ರಿಯ ಊಟಕ್ಕೆ ಮನೆಯವರು ಕೂರುವ ಮೊದಲು ಹುಳುವಿನ ಊಟ ಮುಗಿದಿರಬೇಕು. ಸೊಪ್ಪಿಗೆ ಔಷಧಿಯ ಸೋಂಕು ತಾಗಬಾರದು. ಹೊರಗಿನವರು ಕಾಲು ತೊಳೆಯದೆ ಒಳಗೆ ಬರಬಾರದು. ನೆಲಕ್ಕೆ ಸುಣ್ಣದ ಪುಡಿ ಬೀಳುತ್ತಿರಬೇಕು. 1980ರಲ್ಲಿ ಬಂಗಾಳದ ಕಡೆಯಿಂದ ಊಜಿ ನೊಣವು ಕರ್ನಾಟಕವನ್ನು ಹೊಕ್ಕಿತು. ಹುಳುವಿನ ಮೈಮೇಲೆ ಮೊಟ್ಟೆಯಿಟ್ಟು ಅದನ್ನು ಒಳಗಿನಿಂದ ತಿಂದುಹಾಕುವ ಆ ನೊಣದ ಭಯದಿಂದ, ಅಂದಿನಿಂದ ಹುಳುಮನೆಯ ಕಿಟಕಿ ಬಾಗಿಲುಗಳಿಗೆಲ್ಲ ಬಲೆ ಬಿದ್ದಿದೆ.

ಐದನೆಯ ಹಂತದ ಕೊನೆಗೆ ಹುಳು ಮೇವನ್ನು ಬಿಟ್ಟು ಮೈ ತಿಳಿಯಾಗಿ ಹೊಂಬಣ್ಣಕ್ಕೆ ತಿರುಗುತ್ತದೆ. ಹುಳು ಹಣ್ಣಾಯಿತೆಂದು ಹೇಳುವುದು ಆಗಲೇ. ಹಣ್ಣಾದ ಹುಳುಗಳನ್ನು ಒಂದೊಂದಾಗಿ ಆರಿಸಿ, ಬಿದಿರಿನ ಪಟ್ಟಿಯನ್ನು ಸುರುಳಿಯಾಗಿ ಸುತ್ತಿ ಮಾಡಿದ ಚಂದ್ರಿಕೆಗೆ ಬಿಡುತ್ತಾರೆ. ಆ ಒಂದು ಹೊತ್ತಿಗೆ ಮನೆಯ ಮುದುಕರಿಂದ ಹಿಡಿದು ಮಕ್ಕಳವರೆಗೆ ಎಲ್ಲರ ಕೈಗೂ ಕೆಲಸವಿದೆ. ನೆರೆಯವರೂ ಬಂದು ಸೇರುತ್ತಾರೆ. ಹುಳು ತಲೆಯನ್ನು ಎಂಟರ ಅಂಕೆಯಂತೆ ಆಡಿಸುತ್ತ, ಬಾಯಿಂದ ಹೊರಬರುವ ದ್ರವವನ್ನು ಎಳೆಯಾಗಿ ಎಳೆದು, ಎರಡು ಮೂರು ದಿವಸ ಬಿಡುವಿಲ್ಲದೆ ತನ್ನ ಸುತ್ತ ತಾನೇ ಸುತ್ತಿಕೊಳ್ಳುತ್ತದೆ. ಮೈಸೂರು ತಳಿಯ ಗೂಡಿನ ಎಳೆ ಮುನ್ನೂರೈವತ್ತು ನಾನೂರು ಮೀಟರಿನದು. ಸುಧಾರಿಸಿದ ಬಿಳಿಯ ತಳಿಗಳಲ್ಲಿ ಅದು ಸಾವಿರ ಮೀಟರನ್ನು ಮುಟ್ಟುವುದೂ ಉಂಟು. ಮೊದಲಿನಿಂದ ಕೊನೆಯವರೆಗೆ ಅದು ಒಂದೇ ಎಳೆ. ನಡುವೆ ಗಂಟಿಲ್ಲ, ತುಂಡಿಲ್ಲ. ಅಗಸೆಯ ನಾರನ್ನು ಎಷ್ಟೇ ಜಾಣತನದಿಂದ ತೆಗೆದರೂ ಅದರ ಉದ್ದ ಗಿಡದ ಉದ್ದವನ್ನು ಮೀರಲಾರದು. ಅದನ್ನು ಸೇರಿಸಿ ಸೇರಿಸಿ ನೂಲಲೇಬೇಕು. ರೇಷ್ಮೆಯಾದರೋ ನೂಲಬೇಕಾದುದಲ್ಲ, ಬಿಚ್ಚಬೇಕಾದುದು. ಆದಕಾರಣ ಈ ಕೆಲಸಕ್ಕೆ ಕನ್ನಡದಲ್ಲಿ ನೂಲು ಬಿಚ್ಚಾಣಿಕೆಯೆಂಬ ಹೆಸರು ಬಂದುದು ಬಹಳ ಉಚಿತವಾಗಿದೆ.

ಅಂಟು ಇಲ್ಲಿಯೂ ಇದೆ. ಗೂಡಿನ ತೂಕದ ಎಳೆಯಲ್ಲಿ ಸುಮಾರು ಕಾಲು ಭಾಗ ಅಂಟು. ಮಿಕ್ಕದ್ದು ಹೊಳೆಯುವ ರೇಷ್ಮೆ. ಸುತ್ತಿನ ಮೇಲೆ ಸುತ್ತು ಕೂತು ಗೂಡು ಗಟ್ಟಿಯಾಗುವುದು ಈ ಅಂಟಿನಿಂದಲೇ. ಅಗಸೆಯ ಅಂಟನ್ನು ತಣ್ಣೀರು ವಾರಗಳಲ್ಲಿ ಬಿಡಿಸಿದರೆ, ರೇಷ್ಮೆಯ ಅಂಟನ್ನು ಕುದಿನೀರು ನಿಮಿಷಗಳಲ್ಲಿ ಮೆತ್ತಗೆ ಮಾಡುತ್ತದೆ. ಇಲ್ಲಿಯೂ ಹೊತ್ತಿನ ಕಟ್ಟು ಕಠಿನವಾದುದೇ. ಗೂಡು ಕಟ್ಟಿದ ಹತ್ತು ಹನ್ನೆರಡು ದಿವಸಗಳಿಗೆ ಒಳಗಿನ ಹುಳು ಚಿಟ್ಟೆಯಾಗಿ, ಗೂಡಿನ ತುದಿಯನ್ನು ತನ್ನ ಜೊಲ್ಲಿನಿಂದ ಮೆತ್ತಗೆ ಮಾಡಿ ತೂರಿಕೊಂಡು ಹೊರಗೆ ಬರುತ್ತದೆ. ಹಾಗೆ ತೂತಾದ ಗೂಡಿನಿಂದ ಒಂದೇ ಎಳೆಯಾಗಿ ನೂಲು ಬರದು. ಆದುದರಿಂದ ರೈತನು ಗೂಡನ್ನು ಬಿಡಿಸಿ, ಒಂದೆರಡು ದಿವಸಗಳಲ್ಲಿಯೇ ಶಿಡ್ಲಘಟ್ಟದ ಮಾರುಕಟ್ಟೆಗೆ ಹೊರಡುತ್ತಾನೆ. ರಾಮನಗರದ ಜೊತೆಗೆ ದೇಶದ ಬಹು ದೊಡ್ಡ ಗೂಡಿನ ಮಾರುಕಟ್ಟೆಗಳಲ್ಲಿ ಅದೂ ಒಂದು. ಅಲ್ಲಿ ಹರಾಜಿನಲ್ಲಿ ಗೂಡನ್ನು ಹಿಡಿಯುವವರು ನೂಲು ಬಿಚ್ಚುವವರು. ಒಂದು ಹಿಡಿ ಗೂಡನ್ನು ಎತ್ತಿ ಬೆರಳಿನಲ್ಲಿ ಒತ್ತಿ, ಕಿವಿಯ ಬಳಿ ಅಲ್ಲಾಡಿಸಿ, ಎಷ್ಟು ನೂಲು ಬಂದೀತು, ಎಷ್ಟು ಕಸ ಹೋದೀತು ಎಂದು ಅಳೆಯುವ ವಿದ್ಯೆ ಅವರದು. ಹರಾಜಿನ ಕೂಗಿನ ಜಾಗಕ್ಕೆ ಈಗ ಯಂತ್ರದ ಅಂಕೆಗಳು ಬಂದಿವೆ. ಆದರೂ ಗೂಡನ್ನು ಕೈಯಲ್ಲಿ ಹಿಡಿದು ನೋಡದೆ ಕೊಳ್ಳುವವರಿಲ್ಲ.

ಗೂಡು ಬಿಚ್ಚುವ ಹಳೆಯ ಸಾಧನವು ಚರಕ. ಗಾಂಧೀಜಿಯವರ ಚರಕಕ್ಕೂ ಇದಕ್ಕೂ ಹೆಸರೊಂದೇ ಸಮಾನ. ಮಣ್ಣಿನ ಒಲೆಯ ಮೇಲೆ ಅಗಲವಾದ ಬಾಣಲೆ. ಅದರಲ್ಲಿ ಕುದಿಯುವ ನೀರು. ಅದರ ಮೇಲೆ ಎಳೆ ಹಾಯುವುದಕ್ಕೆ ಸಣ್ಣ ಕಣ್ಣು. ಹಿಂದೆ ಆಳುದ್ದ ಅಗಲದ ಮರದ ರಾಟೆ. ಗೂಡುಗಳನ್ನು ನೀರಿಗೆ ಸುರಿದು ಒಂದು ಕಡ್ಡಿಯಿಂದ ಮೆಲ್ಲಗೆ ಆಡಿಸುತ್ತಾರೆ. ಮೊದಲು ಮೇಲಿನ ಸಿಕ್ಕುಸಿಕ್ಕಾದ ಪದರ ಕಡ್ಡಿಗೆ ಹತ್ತಿಕೊಂಡು ಬರುತ್ತದೆ, ಅದು ಕಸ. ಅದರ ಹಿಂದೆಯೇ ನಿಜವಾದ ಎಳೆಗಳು ಬರುತ್ತವೆ. ಒಂದು ಗೂಡಿನ ಎಳೆ ಕಣ್ಣಿಗೆ ಕಾಣುವುದೇ ಕಷ್ಟವಾದುದರಿಂದ, ಹತ್ತು ಹದಿನೈದು ಗೂಡುಗಳ ಎಳೆಗಳನ್ನು ಬೆರಳಿನಲ್ಲಿ ಕೂಡಿಸಿ, ಕಣ್ಣಿನೊಳಗೆ ಹಾಯಿಸಿ, ನೂಲು ತನ್ನ ಮೇಲೆ ತಾನೇ ಹೊಸೆದುಕೊಂಡು ನೀರನ್ನು ಹಿಂಡಿಕೊಳ್ಳುವಂತೆ ಒಂದು ಸುತ್ತು ಕೊಟ್ಟು ರಾಟೆಗೆ ಕಟ್ಟುತ್ತಾರೆ. ಒಬ್ಬರು ರಾಟೆಯನ್ನು ತಿರುಗಿಸುತ್ತಾರೆ. ಇನ್ನೊಬ್ಬರು ಬಾಣಲೆಯ ಮುಂದೆ ಕುಳಿತಿರುತ್ತಾರೆ. ಎಳೆ ಕಳೆದುಕೊಳ್ಳುತ್ತ ಗೂಡು ನೀರಿನಲ್ಲಿ ಕುಣಿಯುತ್ತದೆ, ತೆಳ್ಳಗಾಗುತ್ತದೆ, ಕೊನೆಗೆ ಒಳಗಿನ ಕಪ್ಪು ಹುಳು ಕಾಣುತ್ತದೆ. ಒಂದು ಗೂಡು ಮುಗಿದೊಡನೆ ಮತ್ತೊಂದರ ಎಳೆಯನ್ನು ಓಡುತ್ತಿರುವ ನೂಲಿಗೆ ಎಸೆದು ಹತ್ತಿಸಬೇಕು. ಹತ್ತಿಸುವುದು ಒಂದು ಕ್ಷಣ ತಡವಾದರೆ ನೂಲು ಅಲ್ಲಿ ತೆಳ್ಳಗಾಯಿತು. ಎರಡು ಒಟ್ಟಿಗೆ ಹತ್ತಿದರೆ ದಪ್ಪವಾಯಿತು. ನೂಲಿನ ಸಮತೆ ಬಾಣಲೆಯ ಮುಂದೆ ಕುಳಿತವರ ಬೆರಳಿನಲ್ಲಿದೆ. ಅದನ್ನು ತೋರಿಸಿಕೊಡಬಹುದೇ ಹೊರತು ಬಾಯಿಂದ ಹೇಳಿಕೊಡಲು ಬಾರದು.

ಇಂತಹ ಒಂದು ಮನೆಯಲ್ಲಿ ಮೊಮ್ಮಗಳು ಅಜ್ಜಿಯ ಮಗ್ಗುಲಲ್ಲಿ ಕುಳಿತು ಕೇಳುವುದನ್ನು ಊಹಿಸಿಕೊಳ್ಳಬಹುದು.

“ಅಜ್ಜಿ, ಎಷ್ಟು ಹುಡುಕಿದರೂ ಇದರ ತುದಿ ಸಿಕ್ಕುವುದಿಲ್ಲವಲ್ಲ?”

“ಹುಡುಕಿದರೆ ಸಿಕ್ಕದು ಕಣಮ್ಮ. ಕಡ್ಡಿ ಆಡಿಸುತ್ತಿರು, ತಾನೇ ಬಂದು ಹತ್ತಿಕೊಳ್ಳುತ್ತೆ.”

“ನೀರು ಸುಡುವುದಿಲ್ಲವೆ?”

“ಸುಡದ ನೀರಿನಲ್ಲಿ ಅಂಟು ಬಿಡೋದಿಲ್ಲವಲ್ಲಮ್ಮ.”

“ಒಳಗಿನ ಹುಳುವಿಗೆ?”

ಅಜ್ಜಿ ಸ್ವಲ್ಪ ಹೊತ್ತು ಮಾತನಾಡದೆ, ಓಡುತ್ತಿದ್ದ ನೂಲಿಗೆ ಮತ್ತೊಂದು ಎಳೆಯನ್ನು ಹತ್ತಿಸಿ, ಆಮೇಲೆ ಹೇಳಿಯಾಳು: “ಅದರ ಋಣ ನಮ್ಮ ಮೇಲಿದೆ ತಾಯಿ. ಎಳೆ ಹರಿಯದ ಹಾಗೆ ತೆಗೆದರೆ ಅಷ್ಟಾದರೂ ತೀರೀತು.”

ಆ ಅಜ್ಜಿಯ ಬೆರಳುಗಳನ್ನು ನೋಡಿದವರಿಗೆ ಋಣವೆಂಬ ಮಾತಿನ ಭಾರ ತಿಳಿದೀತು. ದಿನವೆಲ್ಲ ಬಿಸಿನೀರಿನಲ್ಲಿ ಅದ್ದಿ ಅದ್ದಿ ಬೆರಳಿನ ತುದಿಗಳು ಬೆಳ್ಳಗೆ ಸುಕ್ಕಿ, ಚರ್ಮ ಸುಲಿದು, ಬಿರುಕು ಬಿಟ್ಟಿರುತ್ತವೆ. ಒಲೆಯ ಹೊಗೆಯೂ ಬಾಣಲೆಯ ಹಬೆಯೂ ಬೆಂದ ಹುಳುವಿನ ನಾತವೂ ಒಂದೇ ಕೋಣೆಯಲ್ಲಿ ಸೇರುತ್ತವೆ. ಉಬ್ಬಸವು ಅಂತಹ ಮನೆಗಳಿಗೆ ಅಪರೂಪದ ನೆಂಟನಲ್ಲ. ಒಂದು ಕಿಲೋ ಕಚ್ಚಾ ರೇಷ್ಮೆಗೆ ಏಳೆಂಟು ಕಿಲೋ ಗೂಡು ಬೇಕು. ಒಂದೊಂದು ಗೂಡಿನ ತೂಕವೂ ಎರಡು ಗ್ರಾಮನ್ನು ಮುಟ್ಟದು. ಅಂದರೆ ನಾಲ್ಕು ಸಾವಿರಕ್ಕೆ ಕಡಮೆಯಿಲ್ಲದ ಗೂಡುಗಳ ಎಳೆಯನ್ನು ಬೆರಳು ಕುದಿನೀರಿನ ಮೇಲೆ ಹುಡುಕಿ ತೆಗೆದ ಹೊರತು ಒಂದು ಕಿಲೋ ನೂಲಿನ ಲಡಿ ಆಗುವುದಿಲ್ಲ. ಆ ನೂಲು ಹುರಿಯಾಗಿ, ಸಾಬೂನು ಸೋಡಗಳಲ್ಲಿ ಕುದಿದು ಮಿಕ್ಕ ಅಂಟನ್ನೂ ಕಳೆದುಕೊಂಡು, ಬಣ್ಣವೇರಿ, ಮಗ್ಗವನ್ನು ಹತ್ತುತ್ತದೆ. ರೇಷ್ಮೆಯ ಹೊಳಪು ಕಾಣುವುದು ಅಂಟು ಪೂರ್ತಿ ಹೋದ ಮೇಲೆಯೇ. ಮನುಸ್ಮೃತಿಯ ಚೌಳುಮಣ್ಣಿನ ವಿಧಿಯಲ್ಲಿ ಇದೇ ರಸಾಯನಶಾಸ್ತ್ರ ಅಡಗಿದೆಯೆಂಬುದನ್ನು ವಾಚಕರು ಗಮನಿಸಬಹುದು. ಏಕೆಂದರೆ ಕ್ಷಾರವು ರೇಷ್ಮೆಯ ಅಂಟನ್ನು ಕರಗಿಸುತ್ತದೆ.

ಹೀಗೆ ಸಿದ್ಧವಾದ ಬಟ್ಟೆ ಮಡಿಯೆನ್ನಿಸಿಕೊಳ್ಳುತ್ತದೆ. ಹತ್ತಿಯ ಪಂಚೆಯನ್ನು ಒಗೆದು, ಯಾರೂ ಮುಟ್ಟದಂತೆ ಒಣಗಿಸಿದರೆ ಮಾತ್ರ ಅದಕ್ಕೆ ಮಡಿ ಬರುತ್ತದೆ. ರೇಷ್ಮೆಗೆ ಅಷ್ಟು ನಿರ್ಬಂಧವಿಲ್ಲ. ಸಾವಿರಾರು ಜೀವಗಳು ಬೆಂದ ನೀರಿನಿಂದ ಬಂದ ಎಳೆ ಪೂಜೆಗೆ ಎಲ್ಲಕ್ಕಿಂತ ಶ್ರೇಷ್ಠವಾದುದು ಹೇಗೆ ಎಂಬ ಪ್ರಶ್ನೆ ಇಂದಿನದಲ್ಲ. ಪುರಾತನ ಈಜಿಪ್ಟಿನ ಪುರೋಹಿತರು ಇದಕ್ಕೆ ಬೇರೊಂದು ದಾರಿಯನ್ನು ಹಿಡಿದಿದ್ದರು. ಅವರು ಅಗಸೆಯ ನಾರಿನ ಬಟ್ಟೆಯನ್ನು ಮಾತ್ರ ಉಡುತ್ತಿದ್ದರೆಂದು ಗ್ರೀಕ್ ಇತಿಹಾಸಕಾರನಾದ ಹೆರೊಡೋಟಸನು ಬರೆದಿದ್ದಾನೆ. ಪ್ರಾಣಿಯ ಮೈಯಿಂದ ಬಂದ ಉಣ್ಣೆಗೆ ಅವರ ದೇವಾಲಯದಲ್ಲಿ ಪ್ರವೇಶವಿರಲಿಲ್ಲ. ಸತ್ತವರನ್ನು ಸುತ್ತುವುದಕ್ಕೂ ಅದೇ ನಾರುಬಟ್ಟೆ. ಒಂದು ನಾಡಿಗೆ ಗಿಡದ ಎಳೆ ಪವಿತ್ರವಾಯಿತು, ಇನ್ನೊಂದಕ್ಕೆ ಹುಳುವಿನ ಎಳೆ. ಶುದ್ಧಿಯು ವಸ್ತುವಿನಲ್ಲಿಯೇ ಹುಟ್ಟಿ ಬಂದುದಾಗಿದ್ದರೆ ಈ ಭೇದ ಏಕೆ ಬರುತ್ತಿತ್ತು?

ಚಿಟ್ಟೆ ಹೊರಬಂದ ಬಳಿಕ ಉಳಿದ ಗೂಡಿನಿಂದ ಬಟ್ಟೆ ಮಾಡುವವರೂ ಉಂಟು. ಅದಕ್ಕೆ ಅಹಿಂಸಾ ರೇಷ್ಮೆಯೆಂದು ಹೆಸರು. ಅದರಲ್ಲಿ ಎಳೆ ತುಂಡಾಗಿರುವುದರಿಂದ ಹತ್ತಿಯಂತೆಯೋ ಅಗಸೆಯ ನಾರಿನಂತೆಯೋ ಅದನ್ನು ನೂಲಬೇಕು. ಬಟ್ಟೆ ಮೃದುವಾದರೂ ಆ ಹೊಳಪು ಬಾರದು, ಬೆಲೆ ಮಾತ್ರ ಏರುತ್ತದೆ. ಅದನ್ನು ಉಡುವವರ ಮನಸ್ಸಿಗೆ ಸಮಾಧಾನವಿದ್ದರೆ ಅದು ಅವರ ಪುಣ್ಯ. ಆದರೆ ಆ ಬಟ್ಟೆಯ ಬಗೆಗೆ ಮಾತನಾಡುವಾಗ ಹುಳುವಿನ ಪ್ರಾಣವನ್ನು ಎಣಿಸುವ ಅನೇಕರು ಬಾಣಲೆಯ ಮುಂದಿನ ಬೆರಳನ್ನು ಎಣಿಸುವುದಿಲ್ಲವೆಂಬುದು ಸೋಜಿಗ.

ಎಣಿಸಬೇಕಾದ ಬೆರಳುಗಳಲ್ಲಿ ಚಿಕ್ಕ ಬೆರಳುಗಳೂ ಇದ್ದುವು. ಚರಕದ ಮನೆಗಳಲ್ಲಿಯೂ ಹುರಿಯ ಕಾರ್ಖಾನೆಗಳಲ್ಲಿಯೂ ಮಕ್ಕಳು ದುಡಿಯುತ್ತಿದ್ದರು. ಅವರಲ್ಲಿ ಹಲವರು ತಂದೆತಾಯಿಗಳ ಸಾಲಕ್ಕೆ ಒತ್ತೆಯಾಗಿ ಬಂದವರು. 2003ರಲ್ಲಿ ಹ್ಯೂಮನ್ ರೈಟ್ಸ್ ವಾಚ್ ಎಂಬ ಸಂಸ್ಥೆಯು ಕರ್ನಾಟಕವೂ ಸೇರಿದಂತೆ ದೇಶದ ರೇಷ್ಮೆ ಉದ್ಯಮದಲ್ಲಿದ್ದ ಈ ಸ್ಥಿತಿಯನ್ನು ವರದಿಮಾಡಿ ಜಗತ್ತಿಗೆ ತಿಳಿಸಿತು. 1986ರ ಬಾಲಕಾರ್ಮಿಕ ಕಾಯಿದೆಯನ್ನು 2016ರಲ್ಲಿ ತಿದ್ದಿ, ಹದಿನಾಲ್ಕು ವರ್ಷ ತುಂಬದ ಮಕ್ಕಳನ್ನು ಯಾವ ಉದ್ಯೋಗಕ್ಕೂ ಇಟ್ಟುಕೊಳ್ಳಕೂಡದೆಂದು ವಿಧಿಸಲಾಯಿತು. ಶಾಲೆಯ ವೇಳೆ ಕಳೆದ ಮೇಲೆ ಮನೆಯ ಕಸಬಿನಲ್ಲಿ ನೆರವಾಗುವುದಕ್ಕೆ ಅವಕಾಶವನ್ನು ಬಿಟ್ಟಿತು. ಮಗುವೊಂದು ಪುಸ್ತಕ ಹಿಡಿದು ಶಾಲೆಗೆ ಹೋದುದರಿಂದ ಒಂದು ಚರಕ ನಿಂತಿದ್ದರೆ, ಆ ಚರಕಕ್ಕಾಗಿ ಮರುಗಬೇಕಾದ ಕಾರಣವಿಲ್ಲ.

ಚರಕಕ್ಕೆ ಬೇರೆ ಕಡೆಗಳಿಂದಲೂ ಪೆಟ್ಟು ಬಿದ್ದಿದೆ. ಗೂಡನ್ನು ಬೇರೆಯಾಗಿ ಬೇಯಿಸಿ, ಉಗುರುಬೆಚ್ಚಗಿನ ನೀರಿನಲ್ಲಿ ಬಿಚ್ಚುವ ಕಾಟೇಜ್ ಬೇಸಿನ್ ಮೊದಲು ಬಂದಿತು. ಅನಂತರ ಅನೇಕ ಎಳೆಗಳನ್ನು ಒಟ್ಟಿಗೆ ತೆಗೆಯುವ ಯಂತ್ರಗಳು. ಈಗ ಎಳೆ ತೆಳ್ಳಗಾದುದನ್ನು ತಾನೇ ಅರಿತು ಹೊಸ ಗೂಡನ್ನು ಹತ್ತಿಸಿಕೊಳ್ಳುವ ಸ್ವಯಂಚಾಲಿತ ಯಂತ್ರಗಳು. ಅವುಗಳ ನೂಲು ಸಮವಾದುದು. ಯಂತ್ರದ ಮಗ್ಗಕ್ಕೆ ಅಂತಹುದೇ ಬೇಕು. ಚರಕದ ನೂಲು ಏರುತಗ್ಗಿನದು. ಅದಕ್ಕೆ ಬೆಲೆಯೂ ಕಡಮೆ. ಇದರ ಮೇಲೆ ಚೀನಾದಿಂದ ಅಗ್ಗದ ನೂಲು. 2011ರಲ್ಲಿ ಕೇಂದ್ರ ಸರ್ಕಾರವು ಕಚ್ಚಾ ರೇಷ್ಮೆಯ ಆಮದು ಸುಂಕವನ್ನು ನೂರಕ್ಕೆ 30ರಿಂದ 5ಕ್ಕೆ ಇಳಿಸಿದಾಗ ಗೂಡಿನ ಬೆಲೆ ಕುಸಿದು, ಎಷ್ಟೋ ಕಡೆ ರೈತರು ಹಿಪ್ಪುನೇರಳೆಯನ್ನು ಕಿತ್ತುಹಾಕುವ ಯೋಚನೆಗೆ ಬಂದರು. 2008ರಲ್ಲಿ ದೇವನಹಳ್ಳಿಯ ವಿಮಾನನಿಲ್ದಾಣವು ತೆರೆದ ಮೇಲೆ ಅದರ ಆಚೀಚಿನ ಭೂಮಿಗೆ ಸೊಪ್ಪಿನ ಬೆಲೆಯ ಲೆಕ್ಕ ಸಾಲದಾಯಿತು. ಈಚಿನ ವರ್ಷಗಳಲ್ಲಿ ಜಂಗಮಕೋಟೆ ಹೋಬಳಿಯ ಹಳ್ಳಿಗಳ ಭೂಮಿಯನ್ನು ಕೈಗಾರಿಕೆಗಾಗಿ ತೆಗೆದುಕೊಳ್ಳುವ ಯೋಜನೆ ಎದ್ದಾಗ, ಕೊಡುತ್ತೇವೆನ್ನುವವರೂ ಕೊಡೆವೆನ್ನುವವರೂ ಅಲ್ಲಿಯ ರೈತರಲ್ಲಿಯೇ ಎರಡು ಪಕ್ಷವಾದರು. ಹೊರಗಿನಿಂದ ನೋಡುವವರು ಇದರಲ್ಲಿ ತೀರ್ಪು ಹೇಳುವುದು ಸುಲಭ. ವರ್ಷಕ್ಕೆ ಐದಾರು ಸಲ ಹುಳುವಿನೊಡನೆ ನಿದ್ದೆಗೆಡುವವನಿಗೆ ಅದು ಸುಲಭವಲ್ಲ.

ಪ್ರಾಚೀನ ಕಸಬುಗಳ ವಿಚಾರದಲ್ಲಿ ವಿದ್ಯಾವಂತರ ಮನೆಗಳಲ್ಲಿ ಎರಡು ಬಗೆಯ ಮಾತುಗಳು ಕೇಳಿಬರುತ್ತವೆ. ಹಳೆಯದೆಲ್ಲ ಹೋಗುತ್ತಿದೆಯಲ್ಲ ಎಂಬ ಹಳಹಳಿಕೆ ಒಂದು. ಹೋದರೆ ಹೋಗಲಿ, ಯಂತ್ರವಿದೆಯಷ್ಟೆ ಎಂಬ ಉಪೇಕ್ಷೆ ಇನ್ನೊಂದು. ಬಾಣಲೆಯ ಮುಂದೆ ಕುಳಿತವರನ್ನು ಎರಡೂ ನೋಡುವುದಿಲ್ಲ. ಕೈ ಬೇಯುವ ನೀರು, ಕಣ್ಣು ಕೆಡುವ ಹೊಗೆ, ಒತ್ತೆಬಿದ್ದ ಬಾಲ್ಯ, ಇವು ಹೋಗಬೇಕಾದುವೇ. ಕಸಬು ಪ್ರಾಚೀನವಾದ ಮಾತ್ರಕ್ಕೆ ಅದರ ಕಷ್ಟವು ಪೂಜ್ಯವಾಗುವುದಿಲ್ಲ. ಲೀ ನದಿಯ ನೀರಿನಲ್ಲಿ ಅಗಸೆಯನ್ನು ಕೊಳೆಹಾಕುವ ಪದ್ಧತಿಯೂ ಹಿಂದೆಯೇ ನಿಂತುಹೋಯಿತು. ನದಿ ಮಲಿನವಾಗುವುದು ತಪ್ಪಿತೆಂದು ಅಲ್ಲಿಯ ಜನರು ಸಂತೋಷಪಟ್ಟಿರಬೇಕು. ಆದರೆ ಅಗಸೆಯ ಬಟ್ಟೆ ನಿಲ್ಲಲಿಲ್ಲ. ಗಿಡವನ್ನು ಮತ್ತೆ ಹೊಲದ ಇಬ್ಬನಿಗೆ ಬಿಟ್ಟು ನಾರು ತೆಗೆಯುತ್ತಿದ್ದಾರೆ. ಯಂತ್ರಗಳು ಬಂದರೂ ದಂಟು ಹದಕ್ಕೆ ಬಂದಿತೆ ಎಂದು ಹೊಲದಲ್ಲಿ ಬ್ಗಿ ನೋಡುವ ಕಣ್ಣು ಬೇಕೇ ಬೇಕು.

ಹಾಗೆಯೇ ಶಿಡ್ಲಘಟ್ಟದ ಸೀಮೆಯಲ್ಲಿಯೂ ಉಳಿಯಬೇಕಾದುದು ಕುದಿಯುವ ಬಾಣಲೆಯಲ್ಲ, ಬಾಣಲೆಯ ಮುಂದೆ ತಲೆಮಾರುಗಳು ಕಲಿತ ಅರಿವು. ಯಾವ ಗೂಡು ಬಿಡುತ್ತದೆ, ಯಾವುದು ಹರಿಯುತ್ತದೆ, ಯಾವ ತಿಂಗಳಿನ ಸೊಪ್ಪಿನ ಗೂಡಿಗೆ ಎಷ್ಟು ಬೇವು ಬೇಕು ಎಂಬ ಲೆಕ್ಕ ಯಾವ ಯಂತ್ರದೊಡನೆಯೂ ಪೆಟ್ಟಿಗೆಯಲ್ಲಿ ಬರುವುದಿಲ್ಲ. ಯಂತ್ರವನ್ನು ನಡೆಯಿಸುವ ಕೆಲಸಕ್ಕೆ ಚರಕದ ಮನೆಯವರನ್ನೇ ಕರೆದು, ಅವರ ಅರಿವಿಗೆ ತಕ್ಕ ಕೂಲಿಯನ್ನು ಕೊಟ್ಟರೆ, ಆ ವಿದ್ಯೆಯೂ ಉಳಿದೀತು, ಬೆರಳೂ ಉಳಿದೀತು. ಅವರನ್ನು ಬಿಟ್ಟು ಯಂತ್ರವನ್ನು ಮಾತ್ರ ತಂದರೆ, ಎಣ್ಣೆಗಾಗಿ ಅಗಸೆ ಬೆಳೆದು ದಂಟನ್ನು ಒಲೆಗೆ ಹಾಕಿದಂತೆಯೇ ಆಗುವುದು.

ಮದುವೆಗೋ ವ್ರತಕ್ಕೋ ಪೆಟ್ಟಿಗೆಯಿಂದ ರೇಷ್ಮೆಯನ್ನು ತೆಗೆಯುವವರು ಅದರ ಅಂಚನ್ನೂ ಸೆರಗನ್ನೂ ನೋಡುತ್ತಾರೆ, ಬೆಲೆಯನ್ನೂ ಕೇಳುತ್ತಾರೆ. ಅದರಲ್ಲಿ ಸಾವಿರಾರು ಗೂಡುಗಳ ಎಳೆಯಿದೆಯೆಂದೂ, ಪ್ರತಿಯೊಂದು ಎಳೆಯ ತುದಿಯನ್ನು ಯಾರೋ ಕಂಡುಹಿಡಿದು ಹತ್ತಿಸಬೇಕಾಯಿತೆಂದೂ ಮನೆಯ ಮಕ್ಕಳಿಗೆ ಒಮ್ಮೆ ಹೇಳಿದರೆ ಬಟ್ಟೆಯ ಮಡಿಗೆ ಕುಂದು ಬಾರದು. ಉಟ್ಟವರು ಅದನ್ನು ಸ್ವಲ್ಪ ಹೆಚ್ಚು ಕಾಲ ಜೋಪಾನ ಮಾಡಿಯಾರು.